ಮೆಮೊರಿ ಕಾರ್ಡ್ ರೀಡರ್ ಮತ್ತು ಅದರ ಡ್ರೈವರ್: ಪದೇ ಪದೇ ಕೇಳುವ ಪ್ರಶ್ನೆಗಳು

ಕುಮಟಾದ ನಮ್ಮ ಅಂಗಡಿಗೆ ಲ್ಯಾಪ್‌ಟಾಪ್ ಹಿಡಿದುಕೊಂಡು ಬರುವವರು, ಕಾರವಾರ, ಅಂಕೋಲಾ, ಹೊನ್ನಾವರದಿಂದ ಫೋನ್ ಮಾಡುವವರು, ಶಿರಸಿ ಸಿದ್ದಾಪುರ ಕಡೆಯಿಂದ ವಾಟ್ಸಾಪಿನಲ್ಲಿ ಸ್ಕ್ರೀನಿನ ಫೋಟೊ ಕಳಿಸುವವರು ಕೇಳುವ ಪ್ರಶ್ನೆಗಳನ್ನು ಇಲ್ಲಿ ಒಟ್ಟು ಮಾಡಿದ್ದೇನೆ. ಕಾರ್ಡಿನಲ್ಲಿ ಮದುವೆಯ ಫೋಟೊ ಇರುತ್ತದೆ, ಬೆಳಗಿನವರೆಗೆ ನಡೆದ ಯಕ್ಷಗಾನ ಆಟದ ರೆಕಾರ್ಡಿಂಗ್ ಇರುತ್ತದೆ, ತೀರಿಹೋದ ಅಜ್ಜಿಯ ಧ್ವನಿ ಇರುತ್ತದೆ. ಹಾಗಾಗಿ ನನ್ನ ಎಲ್ಲ ಉತ್ತರಗಳ ಹಿಂದೆ ಒಂದೇ ಕ್ರಮ ಇದೆ: ಮೊದಲು ಕಾರ್ಡಿನಲ್ಲಿರುವುದನ್ನು ಉಳಿಸಿಕೊಳ್ಳಿ, ತಪ್ಪು ಯಾರದು ಅಂತ ಆಮೇಲೆ ಹುಡುಕಿ, ಡ್ರೈವರಿಗೆ ಕೈ ಹಾಕುವುದು ಕೊನೆಗೆ.

## ಮೊದಲ ಪ್ರಶ್ನೆಗಳು

ಡ್ರೈವರ್ ಅಂದ್ರೆ ಎಂತ? ಕಾರ್ಡ್ ರೀಡರಿಗೂ ಅದು ಬೇಕಾ?

ಬೇಕು. ರೀಡರಿನೊಳಗೆ ಒಂದು ಸಣ್ಣ ಚಿಪ್ ಇರುತ್ತದೆ. ಕಾರ್ಡಿನ ಜೊತೆ ಮಾತಾಡುವುದು ಆ ಚಿಪ್. ಅದು ಹೇಳಿದ್ದು ವಿಂಡೋಸಿಗೆ ತಿಳಿಯಬೇಕಾದರೆ ನಡುವೆ ಒಂದು ಸಾಫ್ಟ್‌ವೇರ್ ಬೇಕು, ಅದೇ ಡ್ರೈವರ್. ಕಾರವಾರದ ಮೀನು ಪೇಟೆಯಲ್ಲಿ ಕೊಂಕಣಿ ಮಾತ್ರ ಬರುವ ಮೀನು ಮಾರುವ ಹೆಂಗಸು, ಕನ್ನಡ ಮಾತ್ರ ಬರುವ ಗಿರಾಕಿ ಎದುರಾದರೆ ಎರಡೂ ಬಲ್ಲ ಮೂರನೆಯವರು ನಡುವೆ ನಿಂತು ಬಂಗಡೆಯ ರೇಟು ಕುದುರಿಸುತ್ತಾರಲ್ಲ, ಅಂಥದ್ದೇ ಕೆಲಸ.

ಇಲ್ಲಿ ಒಂದು ವ್ಯತ್ಯಾಸ ಗೊತ್ತಿರಲಿ. ಯುಎಸ್‌ಬಿಗೆ ಚುಚ್ಚುವ ಹೊರಗಿನ ರೀಡರಿಗೆ ಬೇಕಾದ ಡ್ರೈವರ್ ವಿಂಡೋಸಿನೊಳಗೇ ಇರುತ್ತದೆ, ಏಕೆಂದರೆ ಅದು ಪೆನ್‌ಡ್ರೈವಿನ ಹಾಗೆಯೇ ಕೆಲಸ ಮಾಡುತ್ತದೆ. ಲ್ಯಾಪ್‌ಟಾಪಿನ ಪಕ್ಕದಲ್ಲಿರುವ ಸ್ಲಾಟ್ ಹಾಗಲ್ಲ. ಅದರ ಚಿಪ್ ರಿಯಲ್‌ಟೆಕ್, ಓ2ಮೈಕ್ರೋ, ರಿಕೋ, ಜೆಮೈಕ್ರಾನ್ ಹೀಗೆ ಯಾವುದಾದರೂ ಕಂಪನಿಯದ್ದಾಗಿರಬಹುದು, ಅನೇಕ ಸಲ ಆ ಕಂಪನಿಯದೇ ಡ್ರೈವರ್ ಬೇಕಾಗುತ್ತದೆ. ಡ್ರೈವರ್ ತೊಂದರೆ ಅಂತ ನಿಜವಾಗಿ ಬರುವುದು ಹೆಚ್ಚಾಗಿ ಈ ಒಳಗಿನ ಸ್ಲಾಟಿಗೆ.

ಕಾರ್ಡ್ ಹಾಕಿದ್ರೂ ಏನೂ ಕಾಣೋದಿಲ್ಲ. ಡ್ರೈವರ್ ಹೋಗಿದೆ ಅಲ್ವಾ?

ಇರಬಹುದು. ಆದರೆ ಅಷ್ಟು ಬೇಗ ತೀರ್ಮಾನ ಬೇಡ. ತಪ್ಪು ಕಾರ್ಡಿನದಾಗಿರಬಹುದು, ಮೈಕ್ರೋ ಎಸ್‌ಡಿ (ಮೊಬೈಲಿನ ಸಣ್ಣ ಕಾರ್ಡ್) ಹಾಕುವ ಅಡಾಪ್ಟರಿನದಾಗಿರಬಹುದು, ಸ್ಲಾಟಿನೊಳಗಿನ ಪಿನ್ನಿನದಾಗಿರಬಹುದು, ಡ್ರೈವರಿನದೂ ಆಗಿರಬಹುದು. ಕಂಡುಹಿಡಿಯುವ ದಾರಿ ಸುಲಭ: ಒಂದೊಂದನ್ನೇ ಬದಲಿಸಿ ನೋಡುವುದು.

ಅದೇ ಕಾರ್ಡನ್ನು ಇನ್ನೊಂದು ಕಂಪ್ಯೂಟರಿಗೆ ಹಾಕಿ, ಇಲ್ಲವೇ ಕ್ಯಾಮೆರಾಕ್ಕೆ ಹಾಕಿ ಫೋಟೊ ಕಾಣುತ್ತದಾ ನೋಡಿ. ಅಲ್ಲಿ ಸರಿ ಇದ್ದರೆ ಕಾರ್ಡ್ ಸರಿ ಇದೆ. ಈಗ ನಿಮ್ಮ ಸ್ಲಾಟಿಗೆ ಬೇರೆ ಕಾರ್ಡ್ ಹಾಕಿ. ಅದೂ ಕಾಣದಿದ್ದರೆ ಸಂಶಯ ಸ್ಲಾಟ್ ಅಥವಾ ಡ್ರೈವರ್ ಮೇಲೆ. ಅದು ಕಂಡರೆ ಸಂಶಯ ಮೊದಲ ಕಾರ್ಡ್ ಅಥವಾ ಅಡಾಪ್ಟರ್ ಮೇಲೆ. ಅಡಾಪ್ಟರನ್ನು ಜನ ಮರೆತೇಬಿಡುತ್ತಾರೆ. ಕಾರ್ಡಿನ ಜೊತೆ ಪುಕ್ಕಟೆ ಬಂದ ಆ ಪ್ಲಾಸ್ಟಿಕ್ ತುಂಡು ವರ್ಷಗಟ್ಟಲೆ ಬಳಸಿ ಸವೆದಿರುತ್ತದೆ. ಅದನ್ನು ಬದಲಿಸಿದ ಕೂಡಲೇ ಸರಿಯಾದ ಕೇಸುಗಳು ನಮ್ಮಲ್ಲಿ ಬಹಳ ಇವೆ.

ಇನ್ನೊಂದು ಮಾತು. ವಿಂಡೋಸಿನಲ್ಲಿ 'ಶಟ್ ಡೌನ್' ಕೊಟ್ಟರೆ ಸಾಮಾನ್ಯವಾಗಿ ಪೂರ್ತಿ ಬಂದ್ ಆಗುವುದಿಲ್ಲ. 'ಫಾಸ್ಟ್ ಸ್ಟಾರ್ಟಪ್' ಎಂಬ ವ್ಯವಸ್ಥೆ ಹಳೆಯ ಸ್ಥಿತಿಯನ್ನು ಸ್ವಲ್ಪ ಹಿಡಿದಿಟ್ಟುಕೊಂಡಿರುತ್ತದೆ. ಅದಕ್ಕೇ 'ರೀಸ್ಟಾರ್ಟ್' ಕೊಟ್ಟು ನೋಡಿ. ಎರಡೂ ಒಂದೇ ಅಲ್ಲ.

"ಡಿಸ್ಕ್ ಫಾರ್ಮ್ಯಾಟ್ ಮಾಡಬೇಕು" ಅಂತ ಕೇಳ್ತಿದೆ. ಓಕೆ ಒತ್ತಲಾ?

ಒತ್ತಬೇಡಿ. ಫಾರ್ಮ್ಯಾಟ್ ಅಂದರೆ ಕಾರ್ಡನ್ನು ಅಳಿಸಿ ಹೊಸದಾಗಿ ಸಿದ್ಧ ಮಾಡುವುದು. ದಯವಿಟ್ಟು 'ಕ್ಯಾನ್ಸಲ್' ಒತ್ತಿ, ಕಾರ್ಡ್ ಹೊರಗೆ ತೆಗೆಯಿರಿ.

ಈ ಸಂದೇಶ ಬಂತು ಅಂದರೆ ಫೋಟೊ ಹೋಯಿತು ಅಂತ ಅರ್ಥವಲ್ಲ. ವಿಂಡೋಸಿಗೆ ಕಾರ್ಡ್ ಕಂಡಿದೆ, ಆದರೆ ಅದರೊಳಗಿನ ಫೈಲುಗಳ ಪಟ್ಟಿಯನ್ನು ಓದಲು ಆಗಲಿಲ್ಲ ಅಂತ ಅಷ್ಟೇ. ಪಿನ್ನಿಗೆ ಕೊಳೆ ಹಿಡಿದಿದ್ದರೂ, ಅಡಾಪ್ಟರ್ ಸಡಿಲ ಇದ್ದರೂ, ರೀಡರ್ ತೀರಾ ಹಳೆಯದಾಗಿದ್ದರೂ ಇದೇ ಮಾತು ಬರುತ್ತದೆ. ಬೇರೆ ರೀಡರಿನಲ್ಲಿ ನೋಡಿ. ಅಲ್ಲಿ ತೆರೆದುಕೊಂಡರೆ ಬೇರೆ ಎಲ್ಲ ಬಿಟ್ಟು ಮೊದಲು ಪೂರ್ತಿ ಕಾಪಿ ಮಾಡಿಕೊಳ್ಳಿ.

ಎಲ್ಲಿಯೂ ತೆರೆಯದಿದ್ದರೆ 'ಫೋಟೊರೆಕ್' ಎಂಬ ಉಚಿತ ಸಾಫ್ಟ್‌ವೇರ್ ಇದೆ. ಅದು ಕಾರ್ಡಿನ ಪಟ್ಟಿಯನ್ನು ನಂಬದೆ, ಉದ್ದಕ್ಕೂ ಹುಡುಕುತ್ತ ಹೋಗಿ ಫೋಟೊ, ವಿಡಿಯೋಗಳನ್ನು ಹೆಕ್ಕಿ ತೆಗೆಯುತ್ತದೆ. ಸಿಕ್ಕಿದ್ದನ್ನು ಕಂಪ್ಯೂಟರಿನ ಹಾರ್ಡ್‌ಡಿಸ್ಕಿಗೆ ಉಳಿಸಿ, ಅದೇ ಕಾರ್ಡಿಗೆ ಬೇಡ. ಫೈಲಿನ ಹೆಸರು ಉಳಿಯುವುದಿಲ್ಲ, ಚಿತ್ರ ಉಳಿಯುತ್ತದೆ. ಅಲ್ಲಿಯವರೆಗೆ ಆ ಕಾರ್ಡಿನಲ್ಲಿ ಒಂದೂ ಹೊಸ ಫೋಟೊ ತೆಗೆಯಬೇಡಿ. ಹೊಸದು ಕೂರುವುದು ಹಳೆಯದರ ಜಾಗದಲ್ಲೇ.

ಮೊಬೈಲಿನಲ್ಲಿ ಸರಿ ಇದೆ, ಕಂಪ್ಯೂಟರಿನಲ್ಲಿ ಮಾತ್ರ ಫಾರ್ಮ್ಯಾಟ್ ಕೇಳ್ತದೆ. ಇದೆಂಥ ಕತೆ?

ಆ ಕಾರ್ಡನ್ನು ಮೊಬೈಲ್ 'ಇಂಟರ್ನಲ್ ಸ್ಟೋರೇಜ್' ಆಗಿ ಬಳಸುತ್ತಿರಬೇಕು. 2015ರಲ್ಲಿ ಬಂದ ಆಂಡ್ರಾಯ್ಡ್ 6ರಿಂದ ಈ ಸೌಲಭ್ಯ ಕೆಲವು ಫೋನುಗಳಲ್ಲಿದೆ. ಹಾಗೆ ಮಾಡಿದಾಗ ಫೋನ್ ಇಡೀ ಕಾರ್ಡಿಗೆ ಬೀಗ ಹಾಕುತ್ತದೆ. ಅದರ ಕೀಲಿ ಆ ಫೋನಿನೊಳಗೆ ಮಾತ್ರ ಇರುತ್ತದೆ. ಯಾವ ಡ್ರೈವರ್ ಹಾಕಿದರೂ ಕಂಪ್ಯೂಟರ್ ಅದನ್ನು ಓದಲಾರದು. ಕಾರ್ಡನ್ನು ಅದೇ ಫೋನಿಗೆ ಹಾಕಿ, ಫೋನನ್ನು ಯುಎಸ್‌ಬಿ ಕೇಬಲಿನಲ್ಲಿ ಕಂಪ್ಯೂಟರಿಗೆ ಜೋಡಿಸಿ ಕಾಪಿ ಮಾಡಿ. ಫೋನನ್ನು ಮಾರುವ ಅಥವಾ ರೀಸೆಟ್ ಮಾಡುವ ಮೊದಲೇ ಇದನ್ನು ಮುಗಿಸಿಕೊಳ್ಳಿ.

ಫೋಟೊ ಕಾಣ್ತದೆ, ಆದ್ರೆ ಡಿಲೀಟ್ ಮಾಡಲಿಕ್ಕೂ ಆಗೋದಿಲ್ಲ, ಹೊಸದು ಹಾಕಲಿಕ್ಕೂ ಆಗೋದಿಲ್ಲ.

ದೊಡ್ಡ ಎಸ್‌ಡಿ ಕಾರ್ಡ್ ಅಥವಾ ಅಡಾಪ್ಟರಿನ ಎಡ ಅಂಚಿನಲ್ಲಿ 'ಲಾಕ್' ಎಂದು ಬರೆದ ಸಣ್ಣ ಗುಂಡಿ ಇದೆ. ಅದನ್ನು ಮೇಲಕ್ಕೆ, ಅಂದರೆ ಪಿನ್ನುಗಳ ಕಡೆಗೆ ಸರಿಸಿ. ಗುಂಡಿ ಸಡಿಲವಾಗಿದ್ದರೆ ಒಳಗೆ ತಳ್ಳುವಾಗ ತಾನೇ ಕೆಳಗೆ ಜಾರುತ್ತದೆ. ಅಡಾಪ್ಟರ್ ಆಗಿದ್ದರೆ ಬೇರೆ ತನ್ನಿ. ಗುಂಡಿ ಸರಿ ಇದ್ದೂ ಬರೆಯಲು ಬಿಡದಿದ್ದರೆ ಕಾರ್ಡಿನ ಆಯಸ್ಸು ಮುಗಿಯುತ್ತ ಬಂದಿರಬಹುದು. ಕೆಲವು ಕಾರ್ಡುಗಳು ಕೊನೆಗಾಲದಲ್ಲಿ ಓದಲು ಮಾತ್ರ ಬಿಡುತ್ತವೆ. ಸಿಕ್ಕಿದ್ದನ್ನು ಕಾಪಿ ಮಾಡಿಕೊಂಡು ಹೊಸ ಕಾರ್ಡ್ ತೆಗೆದುಕೊಳ್ಳಿ.

ಹಳೇ ಲ್ಯಾಪ್‌ಟಾಪ್ 8 ಜಿಬಿ ಕಾರ್ಡ್ ಓದ್ತದೆ, 64 ಜಿಬಿ ಓದೋದಿಲ್ಲ. ಡ್ರೈವರ್ ಹಾಕಿದ್ರೆ ಸರಿ ಆಗ್ತದಾ?

ಕೆಲವು ಸಲ ಆಗುತ್ತದೆ, ಕೆಲವು ಸಲ ಇಲ್ಲ. ಎಸ್‌ಡಿ ಕಾರ್ಡಿನಲ್ಲಿ ತಲೆಮಾರುಗಳಿವೆ. ಮೊದಲಿನವು 2 ಜಿಬಿವರೆಗೆ. 2006ರಲ್ಲಿ ಎಸ್‌ಡಿಎಚ್‌ಸಿ ಬಂತು, 32 ಜಿಬಿವರೆಗೆ. 2009ರಲ್ಲಿ ಎಸ್‌ಡಿಎಕ್ಸ್‌ಸಿ ಬಂತು, 2 ಟಿಬಿವರೆಗೆ. ಹೊಸ ರೀಡರ್ ಹಳೆಯ ಕಾರ್ಡನ್ನು ಓದುತ್ತದೆ. ಹಳೆಯ ರೀಡರ್ ಹೊಸ ಕಾರ್ಡನ್ನು ಓದೀತು ಎಂಬ ಭರವಸೆ ಇಲ್ಲ.

64 ಜಿಬಿ ಕಾರ್ಡ್ ಎಕ್ಸ್‌ಫ್ಯಾಟ್ ಎಂಬ ಫಾರ್ಮ್ಯಾಟಿನಲ್ಲಿ, ಅಂದರೆ ಫೈಲುಗಳನ್ನು ಜೋಡಿಸಿಡುವ ಒಂದು ಕ್ರಮದಲ್ಲಿ ಬರುತ್ತದೆ. ವಿಂಡೋಸ್ 7 ಮತ್ತು ಅದರ ನಂತರದವುಗಳಿಗೆ ಅದು ಗೊತ್ತು. ಎಕ್ಸ್‌ಪಿಗೆ ಬೇರೆ ಅಪ್‌ಡೇಟ್ ಹಾಕಬೇಕಾಗಿತ್ತು. ಲ್ಯಾಪ್‌ಟಾಪ್ 2009ರ ಆಚೀಚೆಯದಾದರೆ ತಯಾರಕರ ಕೊನೆಯ ಡ್ರೈವರನ್ನು ಒಮ್ಮೆ ಹಾಕಿ ನೋಡಿ. ಆಗದಿದ್ದರೆ ಹೊರಗಿನ ರೀಡರ್ ತೆಗೆದುಕೊಳ್ಳಿ.

ಕಾರ್ಡ್ ತೀರಾ ಅಗ್ಗಕ್ಕೆ ಸಿಕ್ಕಿದ್ದಾದರೆ ಇನ್ನೊಂದು ಸಂಶಯ ಇಟ್ಟುಕೊಳ್ಳಿ. ಮೇಲೆ 64 ಅಂತ ಅಚ್ಚು ಹಾಕಿ ಒಳಗೆ 8 ಇರುವ ನಕಲಿ ಕಾರ್ಡುಗಳು ಜಾತ್ರೆಪೇಟೆಯಲ್ಲೂ ಸಿಗುತ್ತವೆ, ಆನ್‌ಲೈನಿನಲ್ಲೂ ಸಿಗುತ್ತವೆ. 'ಎಚ್2ಟೆಸ್ಟ್‌ಡಬ್ಲ್ಯೂ' ಎಂಬ ಉಚಿತ ಸಾಫ್ಟ್‌ವೇರ್ ಕಾರ್ಡನ್ನು ಪೂರ್ತಿ ತುಂಬಿಸಿ, ಮತ್ತೆ ಓದಿ ನಿಜ ಹೇಳುತ್ತದೆ. ಖಾಲಿ ಕಾರ್ಡಿನಲ್ಲಿ ಮಾಡಿ.

'ದಿಸ್ ಪಿಸಿ' ತೆರೆದ್ರೆ ಕಾರ್ಡಿನ ಡ್ರೈವೇ ಇಲ್ಲ. ಮೊದಲು ಖಾಲಿ ಇದ್ದಾಗಲೂ ಕಾಣ್ತಿತ್ತು.

ಖಾಲಿ ಡ್ರೈವನ್ನು ಅಡಗಿಸುವುದು ವಿಂಡೋಸಿನ ರೂಢಿ. ಕಾರ್ಡ್ ಇಲ್ಲದಾಗ ಕಾಣದಿದ್ದರೆ ಚಿಂತೆ ಬೇಡ. ಕಾರ್ಡ್ ಹಾಕಿದ ಮೇಲೂ ಕಾಣದಿದ್ದರೆ ಸ್ಟಾರ್ಟ್ ಗುಂಡಿಯ ಮೇಲೆ ಬಲ ಕ್ಲಿಕ್ ಮಾಡಿ 'ಡಿಸ್ಕ್ ಮ್ಯಾನೇಜ್‌ಮೆಂಟ್' ತೆರೆಯಿರಿ. ಕೆಳಗಿನ ಪಟ್ಟಿಯಲ್ಲಿ ನಿಮ್ಮ ಕಾರ್ಡಿನ ಗಾತ್ರದ ಡಿಸ್ಕ್ ಇದ್ದು, ಅದಕ್ಕೆ ಎಫ್, ಜಿ ತರಹದ ಅಕ್ಷರ ಇಲ್ಲದಿದ್ದರೆ ಡ್ರೈವರ್ ಸರಿ ಇದೆ ಅಂತಲೇ ಲೆಕ್ಕ. ಅದರ ಮೇಲೆ ಬಲ ಕ್ಲಿಕ್ ಮಾಡಿ 'ಚೇಂಜ್ ಡ್ರೈವ್ ಲೆಟರ್' ಆರಿಸಿ ಒಂದು ಅಕ್ಷರ ಕೊಡಿ. ಆಫೀಸಿನ ನೆಟ್‌ವರ್ಕ್ ಡ್ರೈವ್ ಅದೇ ಅಕ್ಷರ ಹಿಡಿದುಕೊಂಡಿದ್ದರೆ ಹೀಗಾಗುತ್ತದೆ. ಅದೇ ಮೆನುವಿನಲ್ಲಿ 'ಫಾರ್ಮ್ಯಾಟ್' ಕೂಡ ಇದೆ, ಕೈ ಜಾರದಂತೆ ನೋಡಿಕೊಳ್ಳಿ.

## ಡ್ರೈವರ್ ಮೇಲೇ ಸಂಶಯ ಬಂದಾಗ

ಡ್ರೈವರ್ ಇದೆಯೋ ಇಲ್ಲವೋ ಅಂತ ಎಲ್ಲಿ ನೋಡಬೇಕು?

ಸ್ಟಾರ್ಟ್ ಗುಂಡಿಯ ಮೇಲೆ ಬಲ ಕ್ಲಿಕ್ ಮಾಡಿ 'ಡಿವೈಸ್ ಮ್ಯಾನೇಜರ್' ಒತ್ತಿ. ಉದ್ದದ ಪಟ್ಟಿ ಬರುತ್ತದೆ. ಕಾರ್ಡ್ ರೀಡರ್ ಎಲ್ಲರಲ್ಲೂ ಒಂದೇ ಕಡೆ ಇರುವುದಿಲ್ಲ, ಜನ ಗೊಂದಲ ಮಾಡಿಕೊಳ್ಳುವುದು ಇಲ್ಲೇ. ರಿಯಲ್‌ಟೆಕ್ ಪಿಸಿಐಇ (ಮದರ್‌ಬೋರ್ಡಿನ ಒಳದಾರಿಗೆ ಜೋಡಿಸಿದ) ರೀಡರ್ ಸಾಮಾನ್ಯವಾಗಿ 'ಮೆಮೊರಿ ಟೆಕ್ನಾಲಜಿ ಡಿವೈಸಸ್' ಕೆಳಗೆ ಇರುತ್ತದೆ. ರಿಕೋ, ಓ2ಮೈಕ್ರೋ ತರಹದವು 'ಎಸ್‌ಡಿ ಹೋಸ್ಟ್ ಅಡಾಪ್ಟರ್ಸ್' ಕೆಳಗೆ ಕಾಣಬಹುದು. ಒಳಗಿಂದೊಳಗೆ ಯುಎಸ್‌ಬಿಗೆ ಜೋಡಿಸಿದ್ದಾದರೆ 'ಯೂನಿವರ್ಸಲ್ ಸೀರಿಯಲ್ ಬಸ್ ಕಂಟ್ರೋಲರ್ಸ್' ಕೆಳಗೆ.

ಹೆಸರಿನ ಪಕ್ಕ ಹಳದಿ ತ್ರಿಕೋನ, ಅದರೊಳಗೆ ಆಶ್ಚರ್ಯಚಿಹ್ನೆ ಇದ್ದರೆ ಡ್ರೈವರ್ ತೊಂದರೆ ಇರುವ ಸಾಧ್ಯತೆ ಹೆಚ್ಚು. ಡ್ರೈವರೇ ಇಲ್ಲದಿದ್ದರೆ 'ಅದರ್ ಡಿವೈಸಸ್' ಕೆಳಗೆ 'ಅನ್‌ನೋನ್ ಡಿವೈಸ್' ಅಂತಲೋ, 'ಪಿಸಿಐ ಡಿವೈಸ್' ಅಂತಲೋ ಅನಾಥವಾಗಿ ಕೂತಿರುತ್ತದೆ. ತ್ರಿಕೋನವೂ ಇಲ್ಲ, ಹೆಸರೂ ಇಲ್ಲ ಅಂದರೆ ಕಂಪ್ಯೂಟರಿಗೆ ರೀಡರೇ ಕಾಣುತ್ತಿಲ್ಲ. ಅದು ಬೇರೆ ರೋಗ, ಕೊನೆಯ ಪ್ರಶ್ನೆ ನೋಡಿ.

ಹಳದಿ ತ್ರಿಕೋನದ ಮೇಲೆ ಡಬಲ್ ಕ್ಲಿಕ್ ಮಾಡಿದ್ರೆ ಏನೋ ಕೋಡ್ ನಂಬರ್ ತೋರಿಸ್ತದೆ.

ಆ ನಂಬರ್ ಬರೆದಿಟ್ಟುಕೊಳ್ಳಿ, ಅರ್ಧ ಕೆಲಸ ಅಲ್ಲೇ ಮುಗಿಯುತ್ತದೆ. ಕೋಡ್ 28 ಅಂದರೆ ಡ್ರೈವರ್ ಹಾಕಿಯೇ ಇಲ್ಲ. ವಿಂಡೋಸ್ ಹೊಸದಾಗಿ ಹಾಕಿಸಿದ ಮೇಲೆ ಇದು ಮಾಮೂಲು. ಕೋಡ್ 22 ಅಂದರೆ ಯಾರೋ ಬಂದ್ ಮಾಡಿದ್ದಾರೆ, ಬಲ ಕ್ಲಿಕ್ ಮಾಡಿ 'ಎನೇಬಲ್' ಕೊಟ್ಟರೆ ಮುಗಿಯಿತು. ಕೋಡ್ 39 ಬಂದರೆ ಡ್ರೈವರ್ ಫೈಲ್ ಕೆಟ್ಟಿದೆ ಅಥವಾ ಕಾಣೆಯಾಗಿದೆ, ಮತ್ತೆ ಹಾಕಬೇಕು. ಕೋಡ್ 10, ಅಂದರೆ ಸಾಧನ ಶುರುವಾಗಲಿಲ್ಲ: ಡ್ರೈವರ್ ಹೊಂದದಿದ್ದರೂ ಬರುತ್ತದೆ, ಚಿಪ್ ಹಾಳಾದರೂ ಬರುತ್ತದೆ. ಕೋಡ್ 43 ಯುಎಸ್‌ಬಿ ರೀಡರಿನಲ್ಲಿ ಬಂದರೆ ನಾನು ಡ್ರೈವರಿಗಿಂತ ಮೊದಲು ರೀಡರನ್ನೇ ಸಂಶಯಿಸುತ್ತೇನೆ. ಬೇರೆ ಪೋರ್ಟು, ಬೇರೆ ಕಂಪ್ಯೂಟರಿನಲ್ಲೂ ಅದೇ ಕೋಡ್ ಬಂದರೆ ಆ ರೀಡರ್ ಮುಗಿಯಿತು.

ಡ್ರೈವರ್ ತೆಗೆದು ಮತ್ತೆ ಹಾಕೋದು ಹೇಗೆ? ಏನಾದ್ರೂ ಹಾಳಾಗ್ತದಾ?

ಕ್ರಮವಾಗಿ ಮಾಡಿದರೆ ಏನೂ ಹಾಳಾಗುವುದಿಲ್ಲ. ಮೊದಲು ಕಾರ್ಡ್ ಹೊರಗೆ ತೆಗೆಯಿರಿ. ಡಿವೈಸ್ ಮ್ಯಾನೇಜರಿನಲ್ಲಿ ರೀಡರಿನ ಹೆಸರಿನ ಮೇಲೆ ಬಲ ಕ್ಲಿಕ್ ಮಾಡಿ 'ಅನ್‌ಇನ್‌ಸ್ಟಾಲ್ ಡಿವೈಸ್' ಕೊಡಿ. ಡ್ರೈವರನ್ನೂ ತೆಗೆಯಲೇ ಅಂತ ಕೇಳುವ ಸಣ್ಣ ಚೌಕ ಬರುತ್ತದೆ. ಮೊದಲ ಸಲ ಅದಕ್ಕೆ ಟಿಕ್ ಮಾಡಬೇಡಿ. ರೀಸ್ಟಾರ್ಟ್ ಮಾಡಿ. ವಿಂಡೋಸ್ ತಾನೇ ಹಳೆಯ ಡ್ರೈವರನ್ನು ಮತ್ತೆ ಜೋಡಿಸುತ್ತದೆ. ಬಹಳಷ್ಟು ಸಲ ಇಷ್ಟಕ್ಕೇ ಸರಿಯಾಗುತ್ತದೆ.

ಆಗದಿದ್ದರೆ ಎರಡನೇ ಸುತ್ತು. ನಿಮ್ಮ ಲ್ಯಾಪ್‌ಟಾಪ್ ಮಾಡೆಲ್ಲಿನ ಕಾರ್ಡ್ ರೀಡರ್ ಡ್ರೈವರನ್ನು ತಯಾರಕರ ಸೈಟಿನಿಂದ ಇಳಿಸಿ ಇಟ್ಟುಕೊಳ್ಳಿ. ಆಮೇಲೆ ಟಿಕ್ ಹಾಕಿ ಅನ್‌ಇನ್‌ಸ್ಟಾಲ್ ಮಾಡಿ, ರೀಸ್ಟಾರ್ಟ್ ಮಾಡಿ, ಇಳಿಸಿದ್ದನ್ನು ಹಾಕಿ, ಇನ್ನೊಮ್ಮೆ ರೀಸ್ಟಾರ್ಟ್ ಮಾಡಿ. ಹೊಸದು ಕೈಯಲ್ಲಿ ಇಲ್ಲದೆ ಹಳೆಯದನ್ನು ಬುಡಸಮೇತ ತೆಗೆಯಬಾರದು. ಮಾಡೆಲ್ ನಂಬರ್ ಲ್ಯಾಪ್‌ಟಾಪಿನ ಹೊಟ್ಟೆಯ ಮೇಲಿನ ಸ್ಟಿಕ್ಕರಿನಲ್ಲಿ ಇರುತ್ತದೆ.

ವಿಂಡೋಸ್ ಅಪ್‌ಡೇಟ್ ಆದ ಮೇಲೆ ರೀಡರ್ ಕೆಲಸ ಮಾಡ್ತಿಲ್ಲ.

ಡಿವೈಸ್ ಮ್ಯಾನೇಜರಿನಲ್ಲಿ ರೀಡರಿನ 'ಪ್ರಾಪರ್ಟೀಸ್' ತೆರೆದು 'ಡ್ರೈವರ್' ಪುಟಕ್ಕೆ ಹೋಗಿ. ಅಲ್ಲಿ 'ರೋಲ್ ಬ್ಯಾಕ್ ಡ್ರೈವರ್' ಗುಂಡಿ ಇದೆ. ಅದನ್ನು ಒತ್ತಿದರೆ ಹಿಂದಿನ ಡ್ರೈವರಿಗೆ ಹೋಗುತ್ತದೆ. ಗುಂಡಿ ಮಸುಕಾಗಿದ್ದರೆ ಹಿಂದಿನದು ಉಳಿದಿಲ್ಲ ಅಂತ ಅರ್ಥ. ಆಗ ಸೆಟ್ಟಿಂಗ್ಸ್, ವಿಂಡೋಸ್ ಅಪ್‌ಡೇಟ್, ಅಡ್ವಾನ್ಸ್‌ಡ್ ಆಪ್ಷನ್ಸ್, ಆಪ್ಷನಲ್ ಅಪ್‌ಡೇಟ್ಸ್ ಅಂತ ಹೋಗಿ. ಅನೇಕ ಸಲ ಸರಿಯಾದ ಡ್ರೈವರ್ ಅಲ್ಲಿ ಬಂದು ಕೂತಿರುತ್ತದೆ, ನಾವು ಟಿಕ್ ಮಾಡದೆ ಅದು ಇಳಿಯುವುದಿಲ್ಲ.

ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟಿನ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದಿದೆ. ಆ ಕಾರಣಕ್ಕೆ ಈಗ 11ಕ್ಕೆ ಹೋಗುವವರು ಮೊದಲೇ ಲ್ಯಾಪ್‌ಟಾಪ್ ತಯಾರಕರ ಸೈಟಿನಲ್ಲಿ ತಮ್ಮ ಮಾಡೆಲ್ಲಿಗೆ 11ರ ಡ್ರೈವರ್ ಇದೆಯಾ ನೋಡಿಕೊಳ್ಳಿ.

ಎಲ್ಲ ಡ್ರೈವರ್ ತಾನೇ ಹುಡುಕಿ ಹಾಕುವ ಸಾಫ್ಟ್‌ವೇರ್ ಸಿಗ್ತದಂತೆ. ಹಾಕ್ಲಾ?

ಬೇಡ. ಅಂಥವು ತಪ್ಪು ಚಿಪ್ಪಿನ ಡ್ರೈವರ್ ಹಾಕುತ್ತವೆ, ಬೇಡದ ಸಾಮಾನನ್ನೂ ಜೊತೆಗೆ ತರುತ್ತವೆ, ಕೊನೆಗೆ ದುಡ್ಡು ಕೇಳುತ್ತವೆ. ಲ್ಯಾಪ್‌ಟಾಪ್ ತಯಾರಕರ ಸೈಟ್, ವಿಂಡೋಸ್ ಅಪ್‌ಡೇಟ್ ಇವೆರಡೇ ಸಾಕು.

ನಮ್ಮೂರಲ್ಲಿ ನೆಟ್ ಇಲ್ಲ. ಡ್ರೈವರ್ ತರೋದು ಹೇಗೆ?

ಘಟ್ಟದ ಮೇಲಿನವರ ಪ್ರಶ್ನೆ ಇದು. ಮಳೆಗಾಲದಲ್ಲಿ ಮರ ಬಿದ್ದು ಕರೆಂಟು ಹೋದರೆ ಟವರೂ ಮಲಗುತ್ತದೆ, ವಾರವಾದರೂ ಏಳುವುದಿಲ್ಲ. ಶಿರಸಿಗೋ ಯಲ್ಲಾಪುರಕ್ಕೋ ಪೇಟೆಗೆ ಬರುವ ದಿನ ಕೆಲಸ ಮುಗಿಯಬೇಕಾದರೆ ಮನೆಯಿಂದ ಹೊರಡುವ ಮೊದಲು ಎರಡು ಫೋಟೊ ತೆಗೆದುಕೊಳ್ಳಿ. ಒಂದು, ಲ್ಯಾಪ್‌ಟಾಪಿನ ಸ್ಟಿಕ್ಕರಿನದು. ಇನ್ನೊಂದು, ಡಿವೈಸ್ ಮ್ಯಾನೇಜರಿನಲ್ಲಿ ಆ ರೀಡರಿನ ಪ್ರಾಪರ್ಟೀಸ್, ಡೀಟೇಲ್ಸ್, 'ಹಾರ್ಡ್‌ವೇರ್ ಐಡೀಸ್' ಪುಟದ್ದು. ವಿಂಡೋಸ್ 10ಓ 11ಓ ಅಂತಲೂ ಬರೆದುಕೊಳ್ಳಿ. ಇಷ್ಟಿದ್ದರೆ ನೆಟ್ ಇರುವ ಯಾವ ಕಂಪ್ಯೂಟರಿನಲ್ಲಾದರೂ ಡ್ರೈವರ್ ಇಳಿಸಿ ಪೆನ್‌ಡ್ರೈವಿಗೆ ಹಾಕಿಕೊಳ್ಳಬಹುದು. ಲ್ಯಾಪ್‌ಟಾಪ್ ಹೊತ್ತು ಬಸ್ಸಿನಲ್ಲಿ ಓಡಾಡುವ ಕೆಲಸ ಇಲ್ಲ.

ಮೊಬೈಲಿಗೆ ಗುಡ್ಡದ ಮೇಲೆ ಸಿಗ್ನಲ್ ಸಿಗುತ್ತದೆ ಅಂತಾದರೆ ಅಲ್ಲೇ ಫೋನಿಗೆ ಇಳಿಸಿಕೊಂಡು, ಮನೆಗೆ ಬಂದು ಕೇಬಲಿನಲ್ಲಿ ಲ್ಯಾಪ್‌ಟಾಪಿಗೆ ಕಾಪಿ ಮಾಡಿದರೂ ಆಯಿತು. ಕಾರ್ಡ್ ರೀಡರ್ ಡ್ರೈವರ್ ಗ್ರಾಫಿಕ್ಸ್ ಡ್ರೈವರಿನಷ್ಟು ದೊಡ್ಡದಲ್ಲ.

## ಕಡಲು, ಮಳೆ, ಕರೆಂಟು

ಬೇಸಿಗೆಯಲ್ಲಿ ಸರಿ ಇತ್ತು, ಜೂನ್ ಬಂದ ಕೂಡಲೇ ರೀಡರ್ ಕೈ ಕೊಟ್ಟಿದೆ. ಡ್ರೈವರ್ ಹಾಕಿದ್ರೂ ಸರಿ ಆಗ್ಲಿಲ್ಲ.

ಡ್ರೈವರಿನ ತಪ್ಪಲ್ಲದಿದ್ದರೆ ಹಾಕಿದರೂ ಸರಿಯಾಗುವುದಿಲ್ಲ. ಮೊಬೈಲಿನ ಟಾರ್ಚ್ ಹಾಕಿ ಸ್ಲಾಟಿನೊಳಗೆ ನೋಡಿ. ಒಳಗೆ ಹಿಂಬದಿಯಲ್ಲಿ ಸಾಲಾಗಿ ತೆಳ್ಳನೆಯ ಲೋಹದ ನಾಲಿಗೆಗಳಿವೆ. ಕಾರ್ಡಿನ ಬೆನ್ನಿನ ಹೊಂಬಣ್ಣದ ಪಟ್ಟಿಗಳ ಮೇಲೆ ಇವು ಒತ್ತಿ ಕೂರಬೇಕು. ಸಾಮಾನ್ಯ ಎಸ್‌ಡಿ ಕಾರ್ಡಿನಲ್ಲಿ ಅಂಥ 9 ಪಟ್ಟಿ, ಮೈಕ್ರೋ ಎಸ್‌ಡಿಯಲ್ಲಿ 8. ಅವುಗಳಲ್ಲಿ ಒಂದು ಸರಿಯಾಗಿ ಮುಟ್ಟದಿದ್ದರೂ ಕಾರ್ಡ್ ಏಳುವುದಿಲ್ಲ, ಅಥವಾ ಒಂದು ಕ್ಷಣ ಕಂಡು ಮಾಯವಾಗುತ್ತದೆ.

ನಮ್ಮ ಕರಾವಳಿಯ ಗಾಳಿಯಲ್ಲಿ ಉಪ್ಪಿದೆ. ಸಮುದ್ರದ ಎದುರಿನ ಮನೆಗಳಲ್ಲಿ ಕಿಟಕಿಯ ಸರಳಿಗೆ ಎಷ್ಟು ಬೇಗ ತುಕ್ಕು ಹಿಡಿಯುತ್ತದೆ ಅಂತ ನಿಮಗೆ ಗೊತ್ತು. ಉಪ್ಪು ತೇವವನ್ನು ಎಳೆದುಕೊಳ್ಳುತ್ತದೆ. ನಾಲಿಗೆಯ ಮೇಲಿನ ಚಿನ್ನದ ತೆಳು ಲೇಪ ಉಜ್ಜಿ ಹೋದ ಕಡೆ ಒಳಗಿನ ತಾಮ್ರದ ಅಂಶಕ್ಕೆ ಹಸಿರು ಕಟ್ಟುತ್ತದೆ. ಟಾರ್ಚಿನ ಬೆಳಕಿನಲ್ಲಿ ನಾಲಿಗೆಯ ತುದಿ ಹೊಳೆಯದೆ ಮಂಕಾಗಿಯೋ ಹಸಿರಾಗಿಯೋ ಕಂಡರೆ ಕಾರಣ ಸಿಕ್ಕಿತು.

ಪರೀಕ್ಷೆ ಇನ್ನೊಂದು ಇದೆ. ಕಾರ್ಡ್ ಹಾಕಿ ಬೆರಳಲ್ಲಿ ಮೆಲ್ಲಗೆ ಒತ್ತಿ ಹಿಡಿದಾಗ ಕಂಡು, ಬಿಟ್ಟಾಗ ಹೋಗುತ್ತದಾ? ಹಾಗಿದ್ದರೆ ಅದು ಸಂಪರ್ಕದ ತೊಂದರೆ. ಯಾವ ಡ್ರೈವರಿಗೂ ಅದನ್ನು ಸರಿ ಮಾಡುವ ಶಕ್ತಿ ಇಲ್ಲ.

ಹಾಗಾದ್ರೆ ಕ್ಲೀನ್ ಮಾಡೋದು ಹೇಗೆ? ಸ್ಯಾನಿಟೈಸರ್ ಹಾಕಬಹುದಾ?

ಸ್ಯಾನಿಟೈಸರ್ ಬೇಡ, ಅದರಲ್ಲಿ ಗ್ಲಿಸರಿನ್ ಇರುತ್ತದೆ, ಅಂಟು ಉಳಿಯುತ್ತದೆ. ತೆಂಗಿನೆಣ್ಣೆ, ಸೀಮೆಎಣ್ಣೆ ಯಾವುದೂ ಬೇಡ. ಐಸೊಪ್ರೊಪೈಲ್ ಆಲ್ಕೋಹಾಲ್ ತನ್ನಿ, 99 ಪ್ರತಿಶತದ್ದಾದರೆ ಒಳ್ಳೆಯದು. ಮೊಬೈಲ್ ರಿಪೇರಿಯವರ ಹತ್ತಿರ ಐಪಿಎ ಅಂತ ಕೇಳಿದರೆ ಕೊಡುತ್ತಾರೆ.

ಲ್ಯಾಪ್‌ಟಾಪ್ ಬಂದ್ ಮಾಡಿ, ಚಾರ್ಜರ್ ತೆಗೆಯಿರಿ. ಕಾರ್ಡಿನ ಪಟ್ಟಿಗಳನ್ನು ಐಪಿಎ ತಾಗಿಸಿದ ಹತ್ತಿಬಟ್ಟೆಯಿಂದ ಮೆಲ್ಲಗೆ ಒರೆಸಿ. ಸ್ಲಾಟಿಗೆ ಹತ್ತಿ ಸುತ್ತಿದ ಕಡ್ಡಿ ತುರುಕಬೇಡಿ, ನಾಲಿಗೆಗೆ ಸಿಕ್ಕಿಕೊಂಡು ಬಾಗುತ್ತದೆ. ಅದಕ್ಕೆ ಒಂದು ಉಪಾಯ ಇದೆ. ಉಪಯೋಗವಿಲ್ಲದ ಹಳೆಯ ಕಾರ್ಡಿನ ಪಟ್ಟಿಗಳಿಗೆ ಒಂದು ಹನಿ ಐಪಿಎ ಹಚ್ಚಿ, ಸ್ಲಾಟಿಗೆ ಕೆಲವು ಸಲ ಹಾಕಿ ತೆಗೆಯಿರಿ. ಪ್ರತಿ ಸಲ ಕಾರ್ಡ್ ಒರೆಸಿ. ಬಟ್ಟೆಯ ಮೇಲೆ ಕಪ್ಪು ಗೆರೆ ಬಂದರೆ ಕೊಳೆ ಹೊರಗೆ ಬರುತ್ತಿದೆ ಅಂತ. ಅರ್ಧ ಗಂಟೆ ಒಣಗಲು ಬಿಟ್ಟು ಆಮೇಲೆ ಆನ್ ಮಾಡಿ.

ಮಳೆಗಾಲದಲ್ಲಿ ಕಾರ್ಡುಗಳನ್ನು ಬಿಗಿ ಮುಚ್ಚಳದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣದ ಜೊತೆ ಇಡಿ. ಕ್ಯಾಮೆರಾಕ್ಕೂ ಅದು ಒಳ್ಳೆಯದು, ಲೆನ್ಸಿಗೆ ಬೂಸಲು ಬರುವುದಿಲ್ಲ. ಅಕ್ಕಿ ಡಬ್ಬಿಯಲ್ಲಿ ಇಡುವವರಿದ್ದಾರೆ, ಅಕ್ಕಿಯ ಹುಡಿ ಸ್ಲಾಟಿಗೆ ಹೋಗುತ್ತದೆ, ಬೇಡ.

ಬೋಟಿನ ಜಿಪಿಎಸ್ಸಿನ ಕಾರ್ಡ್ ಲ್ಯಾಪ್‌ಟಾಪಿಗೆ ಹಾಕಿದ್ರೆ ಏನೇನೋ ಕೇಳ್ತದೆ.

ಬೈತಕೋಲ್, ತದಡಿ ಬಂದರಿನ ಬೋಟಿನವರು ಕೇಳಿದ್ದು. ಕಡಲಿನ ನಕ್ಷೆ ತುಂಬಿಕೊಂಡೇ ಬರುವ ಕಾರ್ಡುಗಳಿಗೆ ಕಾಪಿ ತಡೆಯುವ ವ್ಯವಸ್ಥೆ ಇರುತ್ತದೆ. ಕಂಪ್ಯೂಟರಿಗೆ ಅವು ಪೂರ್ತಿ ತೆರೆದುಕೊಳ್ಳದಿದ್ದರೆ ಅದು ಡ್ರೈವರ್ ದೋಷವಲ್ಲ. ಫಾರ್ಮ್ಯಾಟ್ ಮಾಡಿದರೆ ದುಡ್ಡು ಕೊಟ್ಟು ತಂದ ನಕ್ಷೆ ಹೋಗುತ್ತದೆ. ನಿಮ್ಮ ಮೀನಿನ ಜಾಗದ ಗುರುತುಗಳನ್ನು ಉಳಿಸಬೇಕಾದರೆ ಬೇರೊಂದು ಖಾಲಿ ಕಾರ್ಡ್ ಯಂತ್ರಕ್ಕೆ ಹಾಕಿ, ಯಂತ್ರದ ಮೆನುವಿನಿಂದಲೇ ಅದಕ್ಕೆ ಉಳಿಸಿ, ಆ ಕಾರ್ಡನ್ನು ಮಾತ್ರ ಕಂಪ್ಯೂಟರಿಗೆ ತನ್ನಿ.

ಕಾಪಿ ಆಗ್ತಿರುವಾಗ ಕರೆಂಟು ಹೋಯ್ತು. ಈಗ ಕಾರ್ಡ್ ತೆರೆಯೋದಿಲ್ಲ.

ಕಾರ್ಡಿನಿಂದ ಕಂಪ್ಯೂಟರಿಗೆ ಕಾಪಿ ಮಾಡುತ್ತಿದ್ದಿರಾದರೆ ಕಾರ್ಡಿಗೆ ಸಾಮಾನ್ಯವಾಗಿ ಏನೂ ಆಗಿರುವುದಿಲ್ಲ. ಬೇರೆ ರೀಡರಿನಲ್ಲಿ ನೋಡಿ. 'ಕಟ್' ಮಾಡಿ 'ಪೇಸ್ಟ್' ಮಾಡುತ್ತಿದ್ದಿರಾದರೆ ಪಟ್ಟಿ ಅರ್ಧಕ್ಕೆ ನಿಂತಿರಬಹುದು. ಮೇಲೆ ಹೇಳಿದ ಫೋಟೊರೆಕ್ ಮೊದಲು, ದುರಸ್ತಿ ಆಮೇಲೆ. ಯುಪಿಎಸ್ ಇಲ್ಲದ ಡೆಸ್ಕ್‌ಟಾಪಿನಲ್ಲಿ ಮಳೆಗಾಲದ ಹೊತ್ತು ಕಾರ್ಡಿನಿಂದ ಕಟ್ ಮಾಡಬೇಡಿ. ಕಾಪಿ ಮಾಡಿ, ಫೋಟೊ ತೆರೆದು ನೋಡಿ, ಆಮೇಲೆ ಕ್ಯಾಮೆರಾದಲ್ಲೇ ಫಾರ್ಮ್ಯಾಟ್ ಮಾಡಿ.

## ಸ್ವಲ್ಪ ಆಳಕ್ಕೆ ಹೋಗುವವರಿಗೆ

ಹಾರ್ಡ್‌ವೇರ್ ಐಡಿ ನೋಡಿ ಚಿಪ್ ಯಾವುದು ಅಂತ ಹೇಳೋದು ಹೇಗೆ?

ಆ ಉದ್ದ ಸಾಲಿನಲ್ಲಿ 'ವೆನ್' ಅಥವಾ 'ವಿಐಡಿ' ನಂತರ ಬರುವ ನಾಲ್ಕು ಅಕ್ಷರ ಕಂಪನಿಯದು. ಪಿಸಿಐ ಸಾಲಿನಲ್ಲಿ 10ಇಸಿ ಅಂದರೆ ರಿಯಲ್‌ಟೆಕ್, 1217 ಓ2ಮೈಕ್ರೋ, 1180 ರಿಕೋ, 197ಬಿ ಜೆಮೈಕ್ರಾನ್. ಯುಎಸ್‌ಬಿ ಸಾಲಿನಲ್ಲಿ 0ಬಿಡಿಎ ಅಂದರೆ ರಿಯಲ್‌ಟೆಕ್, 058ಎಫ್ ಆಲ್ಕೋರ್, 05ಇ3 ಜೆನೆಸಿಸ್ ಲಾಜಿಕ್. 'ಡೆವ್' ಅಥವಾ 'ಪಿಐಡಿ' ನಂತರದ ನಾಲ್ಕು ಚಿಪ್ಪಿನ ಮಾಡೆಲ್. ಉದಾಹರಣೆಗೆ 10ಇಸಿ ಜೊತೆ 5229 ಇದ್ದರೆ ಆರ್‌ಟಿಎಸ್5229.

ತಯಾರಕರ ಸೈಟಿನಲ್ಲಿ ಡ್ರೈವರ್ ಸಿಗದಿದ್ದರೆ 'ಮೈಕ್ರೋಸಾಫ್ಟ್ ಅಪ್‌ಡೇಟ್ ಕ್ಯಾಟಲಾಗ್' ಪುಟದಲ್ಲಿ ಈ ಐಡಿಯನ್ನೇ ಹುಡುಕಿ. ಸಿಗುವುದು ಕ್ಯಾಬ್ ಫೈಲ್, ಹಲವು ಫೈಲುಗಳನ್ನು ಕಟ್ಟಿದ ಗಂಟು. ಅದನ್ನು ಒಂದು ಫೋಲ್ಡರಿಗೆ ಬಿಚ್ಚಿ, ಡಿವೈಸ್ ಮ್ಯಾನೇಜರಿನ 'ಅಪ್‌ಡೇಟ್ ಡ್ರೈವರ್', 'ಬ್ರೌಸ್ ಮೈ ಕಂಪ್ಯೂಟರ್' ಮೂಲಕ ಆ ಫೋಲ್ಡರ್ ತೋರಿಸಿ.

ಸರಿಯಾದ ಡ್ರೈವರ್ ಹಾಕಿದ್ರೂ ವಿಂಡೋಸ್ 11 ಅದನ್ನ ಲೋಡ್ ಮಾಡ್ತಿಲ್ಲ.

ವಿಂಡೋಸ್ ಸೆಕ್ಯುರಿಟಿಯಲ್ಲಿ 'ಡಿವೈಸ್ ಸೆಕ್ಯುರಿಟಿ', 'ಕೋರ್ ಐಸೊಲೇಷನ್' ತೆರೆಯಿರಿ. 'ಮೆಮೊರಿ ಇಂಟೆಗ್ರಿಟಿ' ಆನ್ ಇದ್ದರೆ ಕೆಲವು ಹಳೆಯ ಡ್ರೈವರುಗಳನ್ನು ಅದು ತಡೆಯುತ್ತದೆ. ಅದನ್ನು ಆಫ್ ಮಾಡಿ ಅಂತ ಸಲಹೆ ಕೊಡುವವರಿದ್ದಾರೆ. ನಾನು ಕೊಡುವುದಿಲ್ಲ. ಒಂದು ಕಾರ್ಡ್ ಸ್ಲಾಟಿಗಾಗಿ ಇಡೀ ಕಂಪ್ಯೂಟರಿನ ಕಾವಲು ತೆಗೆಯುವುದು ಸರಿಯಲ್ಲ.

ಬದಲಿಗೆ ಇದನ್ನು ಮಾಡಿ ನೋಡಿ. ರೀಡರ್ 'ಎಸ್‌ಡಿ ಹೋಸ್ಟ್ ಅಡಾಪ್ಟರ್ಸ್' ಜಾತಿಯದಾದರೆ 'ಅಪ್‌ಡೇಟ್ ಡ್ರೈವರ್', 'ಬ್ರೌಸ್', 'ಲೆಟ್ ಮಿ ಪಿಕ್' ಅಂತ ಹೋಗಿ ಪಟ್ಟಿಯಿಂದ 'ಎಸ್‌ಡಿಎ ಸ್ಟ್ಯಾಂಡರ್ಡ್ ಕಂಪ್ಲಯಂಟ್ ಎಸ್‌ಡಿ ಹೋಸ್ಟ್ ಕಂಟ್ರೋಲರ್' ಆರಿಸಿ. ಅದು ಮೈಕ್ರೋಸಾಫ್ಟಿನದೇ ಸಾಮಾನ್ಯ ಡ್ರೈವರ್. ಕಂಪನಿಯ ಡ್ರೈವರ್ ಹಠ ಹಿಡಿದಾಗ ಹಳೆಯ ಲ್ಯಾಪ್‌ಟಾಪುಗಳಲ್ಲಿ ಇದು ಕೈ ಹಿಡಿಯುತ್ತದೆ. ರಿಯಲ್‌ಟೆಕ್ ರೀಡರುಗಳಿಗೆ ಮಾತ್ರ ಇದನ್ನು ಒತ್ತಾಯದಿಂದ ಹಾಕಬೇಡಿ.

ಲ್ಯಾಪ್‌ಟಾಪ್ ನಿದ್ದೆಯಿಂದ ಎದ್ದ ಮೇಲೆ ರೀಡರ್ ಸತ್ತಿರ್ತದೆ. ರೀಸ್ಟಾರ್ಟ್ ಮಾಡಿದ್ರೆ ಸರಿ.

ಕರೆಂಟು ಉಳಿಸುವ ವ್ಯವಸ್ಥೆಯ ಕೆಲಸ. ರೀಡರಿನ ಪ್ರಾಪರ್ಟೀಸಿನಲ್ಲಿ 'ಪವರ್ ಮ್ಯಾನೇಜ್‌ಮೆಂಟ್' ಪುಟ ಇದ್ದರೆ, ವಿದ್ಯುತ್ ಉಳಿಸಲು ಸಾಧನವನ್ನು ಬಂದ್ ಮಾಡಬಹುದು ಎನ್ನುವ ಟಿಕ್ ತೆಗೆಯಿರಿ. ಯುಎಸ್‌ಬಿ ಜಾತಿಯ ರೀಡರ್ ಆದರೆ 'ಪವರ್ ಆಪ್ಷನ್ಸ್' ಒಳಗಿನ 'ಯುಎಸ್‌ಬಿ ಸೆಲೆಕ್ಟಿವ್ ಸಸ್ಪೆಂಡ್' ಕೂಡ ಆಫ್ ಮಾಡಿ.

ತಪ್ಪು ಡ್ರೈವರಿನದೋ ಯಂತ್ರದ್ದೋ ಅಂತ ಖಚಿತವಾಗಿ ಹೇಳುವ ದಾರಿ ಇದೆಯಾ?

ಇದೆ, ನನಗೆ ಎಲ್ಲಕ್ಕಿಂತ ಇಷ್ಟವಾದ ದಾರಿಯೂ ಅದೇ. ವಿಂಡೋಸಿನ ಬದಲು ಕಂಪ್ಯೂಟರ್ ನಡೆಸುವ, ಉಬುಂಟು ತರಹದ ಲಿನಕ್ಸನ್ನು ಪೆನ್‌ಡ್ರೈವಿಗೆ ಹಾಕಿ, ಅದರಿಂದಲೇ ಕಂಪ್ಯೂಟರ್ ಶುರು ಮಾಡಿ. 'ಟ್ರೈ' ಅಂತ ಆರಿಸಿದರೆ ನಿಮ್ಮ ವಿಂಡೋಸಿಗೆ ಏನೂ ಆಗುವುದಿಲ್ಲ. ರಿಯಲ್‌ಟೆಕ್ ಸೇರಿದಂತೆ ಹೆಚ್ಚಿನ ರೀಡರುಗಳ ಡ್ರೈವರ್ ಲಿನಕ್ಸಿನ ಕರ್ನಲ್ಲಿನೊಳಗೇ, ಅಂದರೆ ಅದರ ತಿರುಳಿನಲ್ಲೇ ಇದೆ. 2020ರ 5.7 ಕರ್ನಲ್ಲಿನಿಂದ ಈಚೆಗೆ ಎಕ್ಸ್‌ಫ್ಯಾಟಿಗೆ ಒಳ್ಳೆಯ ಡ್ರೈವರೂ ಒಳಗೇ ಇದೆ. ಕಾರ್ಡ್ ಹಾಕಿ ನೋಡಿ. ಅಲ್ಲಿ ತೆರೆದುಕೊಂಡರೆ ಯಂತ್ರ ಸರಿ ಇದೆ, ತಪ್ಪು ವಿಂಡೋಸಿನ ಕಡೆಯದು. ಒಳ್ಳೆಯ ಕಾರ್ಡೂ ಅಲ್ಲಿ ಕಾಣದಿದ್ದರೆ ಸ್ಲಾಟ್ ಅಥವಾ ಚಿಪ್ ಹೋಗಿರುವ ಸಾಧ್ಯತೆ ಬಹಳ. ಇನ್ನೊಂದು ಲಾಭ: ಅಲ್ಲಿ ಫೋಟೊ ಕಂಡಿತಾದರೆ ಆಗಲೇ ಬೇರೆ ಪೆನ್‌ಡ್ರೈವಿಗೆ ಕಾಪಿ ಮಾಡಿಕೊಳ್ಳಬಹುದು.

ಆಫೀಸಿನ ಕಂಪ್ಯೂಟರಿನಲ್ಲಿ "ಆಕ್ಸೆಸ್ ಡಿನೈಡ್" ಬರ್ತದೆ.

ಅದು ದೋಷವಲ್ಲ. ಬ್ಯಾಂಕು, ಸರಕಾರಿ ಕಚೇರಿಗಳಲ್ಲಿ ಕಾರ್ಡ್, ಪೆನ್‌ಡ್ರೈವ್ ತೆರೆಯದಂತೆ ಪಾಲಿಸಿ ಹಾಕಿರುತ್ತಾರೆ. ಅಲ್ಲಿನ ಸಿಸ್ಟಂ ನೋಡಿಕೊಳ್ಳುವವರನ್ನು ಕೇಳಿ, ನೀವೇ ಬಿಚ್ಚಲು ಹೋಗಬೇಡಿ.

ಡಿವೈಸ್ ಮ್ಯಾನೇಜರಿನಲ್ಲಿ ರೀಡರ್ ಹೆಸರೇ ಇಲ್ಲ. ಬೋರ್ಡ್ ರಿಪೇರಿ ಮಾಡಿಸ್ಬೇಕಾ?

ಮೊದಲು ಬಯೋಸ್, ಅಂದರೆ ವಿಂಡೋಸ್ ಶುರುವಾಗುವ ಮೊದಲೇ ತೆರೆಯುವ ಸೆಟ್ಟಿಂಗಿನ ಪುಟ ನೋಡಿ. ಕೆಲವು ಲ್ಯಾಪ್‌ಟಾಪುಗಳಲ್ಲಿ ಕಾರ್ಡ್ ರೀಡರನ್ನು ಅಲ್ಲಿಂದಲೇ ಬಂದ್ ಮಾಡಬಹುದು, ಯಾರಾದರೂ ಮಾಡಿರಬಹುದು. ಡೆಸ್ಕ್‌ಟಾಪಿನ ಮುಂಭಾಗದ ರೀಡರ್ ಆದರೆ ಪೆಟ್ಟಿಗೆ ತೆರೆದು ನೋಡಿ. ರೀಡರಿನಿಂದ ಹೊರಟ ಕೇಬಲ್ ಮದರ್‌ಬೋರ್ಡಿನ 9 ಪಿನ್ನಿನ ಯುಎಸ್‌ಬಿ ಜಾಗದಲ್ಲಿ ಕೂತಿರಬೇಕು. ಕ್ಲೀನ್ ಮಾಡಿಸಿದ ಮೇಲೆ ಅದು ಕಳಚಿಕೊಂಡಿರುವುದು ಬಹಳ ಸಲ ಕಂಡಿದ್ದೇನೆ. ಲ್ಯಾಪ್‌ಟಾಪ್ ಆದರೆ ಬಂದ್ ಮಾಡಿ, ಚಾರ್ಜರ್ ತೆಗೆದು, ಬ್ಯಾಟರಿ ಕಳಚಲು ಬರುವುದಾದರೆ ಅದನ್ನೂ ಕಳಚಿ, ಪವರ್ ಗುಂಡಿಯನ್ನು ಅರ್ಧ ನಿಮಿಷ ಒತ್ತಿ ಹಿಡಿಯಿರಿ. ಆಮೇಲೆ ಎಲ್ಲ ಜೋಡಿಸಿ ಆನ್ ಮಾಡಿ.

ಇದಕ್ಕೂ ಏಳದಿದ್ದರೆ ಬೋರ್ಡ್ ಬಿಚ್ಚಿಸುವುದಕ್ಕೆ ನನ್ನ ಒಪ್ಪಿಗೆ ಇಲ್ಲ. ಆ ಚಿಪ್ ಬದಲಿಸುವ ಖರ್ಚಿನಲ್ಲಿ ಒಳ್ಳೆಯ ಯುಎಸ್‌ಬಿ 3 ರೀಡರ್ ಬಂದು ದುಡ್ಡೂ ಉಳಿಯುತ್ತದೆ. ಎಸ್‌ಡಿ ಮತ್ತು ಮೈಕ್ರೋ ಎಸ್‌ಡಿಗೆ ಬೇರೆ ಬೇರೆ ಸ್ಲಾಟ್ ಇರುವುದನ್ನೇ ತೆಗೆದುಕೊಳ್ಳಿ, ಅಡಾಪ್ಟರಿನ ಕಾಟ ತಪ್ಪುತ್ತದೆ. ಮದುವೆ ವಿಡಿಯೋ ಮಾಡುವವರ ಕಾರ್ಡಿನ ಬೆನ್ನಿನಲ್ಲಿ ಎರಡು ಸಾಲು ಪಟ್ಟಿ ಇದ್ದರೆ ಅದು ಯುಎಚ್‌ಎಸ್-2. ಸೆಕೆಂಡಿಗೆ 312 ಎಂಬಿವರೆಗೆ ಹೋಗಬಲ್ಲ ದಾರಿ ಅದು, ಒಂದು ಸಾಲಿನ ಯುಎಚ್‌ಎಸ್-1ರದ್ದು 104. ಅಂಥವರು ಯುಎಚ್‌ಎಸ್-2 ಅಂತ ಬರೆದ ರೀಡರನ್ನೇ ಕೇಳಿ ತೆಗೆದುಕೊಳ್ಳಿ. ಬೇರೆಯವರಿಗೆ ಸಾಮಾನ್ಯ ರೀಡರ್ ಸಾಕು. ಅಂಗಡಿಯಲ್ಲೇ ನಿಮ್ಮ ಕಾರ್ಡ್ ಹಾಕಿ, ತೆರೆಯುತ್ತದೆ ಅಂತ ನೋಡಿಯೇ ದುಡ್ಡು ಕೊಡಿ.